ಸಹಿ ಒಂದು ದಿನದ್ದು, ಕ್ಲಿಪ್ ಜೀವನಪೂರ್ತಿ

‘ಹಳ್ಳಿ ಹೈದ ಪ್ಯಾಟೇಗ್ ಬಂದ’ ಎಂಬ ರಿಯಾಲಿಟಿ ಶೋ ಎಚ್.ಡಿ. ಕೋಟೆ ಕಡೆಯ ಹಾಡಿಯ ಹುಡುಗನೊಬ್ಬನನ್ನು ಪೇಟೆಗೆ ಕರೆತಂದು ಗೆಲ್ಲಿಸಿತು. ಸಿನಿಮಾದಲ್ಲಿ ನಾಯಕನೂ ಆದ. ಆಮೇಲೆ ಮಾನಸಿಕ ತೊಂದರೆ, ಚಿಕಿತ್ಸೆ; 2013ರಲ್ಲಿ ಮೈಸೂರಿನಲ್ಲಿ ಮಹಡಿಯಿಂದ ಬಿದ್ದು ತೀರಿಕೊಂಡ. ಆ ಸಾವಿಗೆ ಶೋ ಕಡೆಗೆ ಬೊಟ್ಟು ಮಾಡುವುದು ನ್ಯಾಯವಲ್ಲ. ಆದರೆ ಶೂಟಿಂಗ್ ಮುಗಿದ ಮೇಲೂ ಇಂಥವರ ಯೋಗಕ್ಷೇಮ ವಿಚಾರಿಸಲೇಬೇಕು ಎಂಬ ಕಟ್ಟಳೆ ಆಗ ಇರಲಿಲ್ಲ. ಈಗಲೂ ಇಲ್ಲ.

ಅಷ್ಟರಲ್ಲಿ ಅಪಾಯ ಬೆಳೆದಿದೆ. ಸ್ಕ್ರಿಪ್ಟ್ ಇಲ್ಲದ ಶೋಗಳಲ್ಲಿ ಕತೆ ಹುಟ್ಟುವುದು ಎಡಿಟಿಂಗ್ ಟೇಬಲ್ ಮೇಲೆ. ಬಿಗ್ ಬಾಸ್ ಮನೆಯಲ್ಲಿ ಕ್ಯಾಮೆರಾ ದಿನದ 24 ಗಂಟೆಯೂ ತಿರುಗುತ್ತದೆ, ರಾತ್ರಿ ನಮಗೆ ಸಿಗುವುದು ಒಂದೆರಡು ಗಂಟೆ. ಬೆಳಿಗ್ಗೆ ಯಾವುದಕ್ಕೋ ಗಂಟಿಕ್ಕಿದ ಮುಖವನ್ನು ಸಂಜೆಯ ಮಾತಿಗೆ ಅಂಟಿಸಿದರೆ ಒಬ್ಬ ಖಳನಾಯಕ ತಯಾರು. ನಟನಾದರೆ ಅದು ಪಾತ್ರ ಎಂದು ಜಾರಿಕೊಳ್ಳಬಹುದು. ತನ್ನದೇ ಹೆಸರಲ್ಲಿ ಬಂದವನು ಎಲ್ಲಿಗೆ ಜಾರಬೇಕು?

‘ಬದುಕು ಜಟಕಾ ಬಂಡಿ’ಯಂಥ ಕಾರ್ಯಕ್ರಮಗಳಿಗೆ ಮನೆಯ ಜಗಳ ಹೊತ್ತು ತಂದವರನ್ನು ನೆನಪಿಸಿಕೊಳ್ಳಿ. ಗಂಡ ಒಂದು ಕಡೆ, ಹೆಂಡತಿ ಇನ್ನೊಂದು ಕಡೆ, ನಡುವೆ ನಿರೂಪಕರು. ಅಳು ಬಂದೊಡನೆ ಕ್ಯಾಮೆರಾ ಮುಖಕ್ಕೇ ಹತ್ತಿರ. ಅಂದು ಪ್ರಸಾರವಾಗಿ ಮುಗಿಯಬೇಕಿದ್ದ ಆ ಅಳು ಇಂದು ಟ್ರೋಲ್ ಪೇಜುಗಳ ಸರಕು, ವಾಟ್ಸಾಪ್ ಸ್ಟಿಕ್ಕರ್. ಅಂದು ಅಮ್ಮನ ಸೆರಗು ಹಿಡಿದಿದ್ದ ಮಗು ಈಗ ಕಾಲೇಜಿಗೆ ಹೋಗುವ ವಯಸ್ಸಿಗೆ ಬಂದಿದೆ, ಕೈಯಲ್ಲಿ ಮೊಬೈಲೂ ಇದೆ. ಅಂದು ಸಹಿ ಹಾಕಿದವರಿಗೆ ಇದು ಹೊಳೆದಿರಲು ಸಾಧ್ಯವೇ ಇಲ್ಲ.

ಬೇರೆ ದೇಶಗಳು ಎಚ್ಚೆತ್ತದ್ದು ಹೆಣ ಬಿದ್ದ ಮೇಲೆ. ಬ್ರಿಟನ್ನಿನ ‘ಜೆರೆಮಿ ಕೈಲ್ ಶೋ’ದಲ್ಲಿ ಸುಳ್ಳುಪತ್ತೆ ಪರೀಕ್ಷೆಗೆ ಒಳಗಾದ ಅತಿಥಿಯೊಬ್ಬರು 2019ರ ಮೇ ತಿಂಗಳಲ್ಲಿ, ಚಿತ್ರೀಕರಣದ ಕೆಲವೇ ದಿನಗಳಲ್ಲಿ ತೀರಿಕೊಂಡರು. ಚಾನೆಲ್ ಶೋವನ್ನೇ ನಿಲ್ಲಿಸಿತು. ಭಾಗವಹಿಸುವವರ ಬಗ್ಗೆ ತಕ್ಕ ಕಾಳಜಿ ವಹಿಸಲೇಬೇಕೆಂಬ ನಿಯಮ ಅಲ್ಲಿ 2021ರಲ್ಲಿ ಜಾರಿಗೆ ಬಂತು. ಜಪಾನಿನಲ್ಲಿ ‘ಟೆರೇಸ್ ಹೌಸ್’ನ ಕುಸ್ತಿಪಟು ಹಾನಾ ಕಿಮುರಾ, ಜಾಲತಾಣದ ಬೈಗುಳದ ಮಳೆಯ ನಡುವೆ, 2020ರಲ್ಲಿ ಪ್ರಾಣ ಕಳೆದುಕೊಂಡರು. ಎರಡು ವರ್ಷದ ಬಳಿಕ ಅಲ್ಲಿ ನಿಂದನೆಗೆ ಶಿಕ್ಷೆ ಹೆಚ್ಚಾಯಿತು.

ನಮ್ಮಲ್ಲಿ ಮಕ್ಕಳ ಮಟ್ಟಿಗೆ ಕಾನೂನಿದೆ: ದಿನಕ್ಕೆ 5 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ, ಗಳಿಕೆಯಲ್ಲಿ ಕನಿಷ್ಠ ಶೇ 20ನ್ನು ಮಗುವಿನ ಹೆಸರಲ್ಲಿ ಬ್ಯಾಂಕಿನಲ್ಲಿ ಠೇವಣಿ ಇಡಬೇಕು. ಪಾಲನೆ ಎಷ್ಟರಮಟ್ಟಿಗೆ ಎಂಬುದು ಬೇರೆ ಮಾತು. ಹದಿನೆಂಟು ತುಂಬಿದವರ ಪಾಲಿಗೆ ಮಾತ್ರ ಒಪ್ಪಂದದ ಹಾಳೆಯೇ ಕಾನೂನು, ಅದನ್ನು ಬರೆಯುವುದು ಚಾನೆಲ್ಲಿನ ವಕೀಲರು.

ಇಂಥ ಶೋಗಳೇ ಬೇಡ ಎನ್ನಲು ನಮಗೆ ಮನಸ್ಸಿಲ್ಲ. ಹಾವೇರಿ ಜಿಲ್ಲೆಯ ಕುರಿಗಾಹಿ ಹನುಮಂತ ‘ಸರಿಗಮಪ’ದಲ್ಲಿ ಹಾಡಿ, 2025ರಲ್ಲಿ ಬಿಗ್ ಬಾಸ್ ಗೆದ್ದಾಗ ನಾಡೇ ಖುಷಿಪಟ್ಟಿತು. ಆದರೆ ಒಬ್ಬ ಗೆದ್ದ ಸಂಭ್ರಮದಲ್ಲಿ ಮೊದಲ ವಾರವೇ ನಗೆಪಾಟಲಾಗಿ ಊರಿಗೆ ಮರಳಿದವರನ್ನು ಯಾರೂ ಲೆಕ್ಕಕ್ಕಿಡುವುದಿಲ್ಲ. ರೀಲ್ಸ್‌ನಲ್ಲಿ ವೈರಲ್ ಆದವರಿಗೆ ಈಗ ಟಿ.ವಿ. ಮಣೆ ಹಾಕುತ್ತಿದೆ. ಜನ ಆಡಿಕೊಂಡು ನಕ್ಕವರನ್ನೇ ಇನ್ನಷ್ಟು ನಗೆಗೆ ಒಡ್ಡುವ ಈ ಜಾಡು ಎಲ್ಲಿಗೆ ಮುಟ್ಟುತ್ತದೆಂದು ಊಹಿಸಲು ಜ್ಯೋತಿಷಿ ಬೇಕಿಲ್ಲ.

ಒಪ್ಪಂದ ಕನ್ನಡದಲ್ಲಿರಲಿ, ಮನೆಗೆ ಒಯ್ದು ನಾಲ್ಕು ಜನರಿಗೆ ತೋರಿಸಿ ಸಹಿ ಹಾಕಲು ವಾರದ ಗಡುವಿರಲಿ. ಪ್ರಸಾರಕ್ಕೆ ಮೊದಲೂ, ಮುಗಿದ ಆರು ತಿಂಗಳವರೆಗೂ ಚಾನೆಲ್ ಖರ್ಚಿನಲ್ಲಿ ಮನೋವೈದ್ಯರ ನೆರವು ಸಿಗಲಿ. ಮನೆಜಗಳದ ಹಳೆಯ ಕಂತುಗಳನ್ನು ಸಂಬಂಧಪಟ್ಟವರು ಕೇಳಿದರೆ ಚಾನೆಲ್ ತನ್ನ ಯೂಟ್ಯೂಬ್ ಪುಟದಿಂದ ಇಳಿಸಲೇಬೇಕು. ವಾರ್ತಾ ಮತ್ತು ಪ್ರಸಾರ ಸಚಿವಾಲಯ ಇಷ್ಟನ್ನು ಮುಂದಿನ ಆಡಿಷನ್ ಸಾಲು ಶುರುವಾಗುವ ಮೊದಲೇ ಕಡ್ಡಾಯ ಮಾಡಬೇಕು.