ಓಟು ಉದ್ರಿಯಲ್ಲ

ಕಿತ್ತೂರಿನ ಮಾಜಿ ಶಾಸಕರೂ ಮಾಜಿ ಮಂತ್ರಿಗಳೂ ಆಗಿದ್ದ ಡಿ. ಬಿ. ಇನಾಮದಾರ ಅವರು 2023ರ ಏಪ್ರಿಲ್ ತಿಂಗಳಲ್ಲಿ ತೀರಿಕೊಂಡರು. ವಿಧಾನಸಭೆಯ ಚುನಾವಣೆ ಆಗ ಬಾಗಿಲಿಗೆ ಬಂದಿತ್ತು. ಪ್ರಚಾರದ ಗದ್ದಲದಲ್ಲಿ ಹೂಮಾಲೆಗಳೇನೋ ಬಿದ್ದವು. ನಾಲ್ಕು ದಶಕಗಳ ಆ ರಾಜಕೀಯ ಜೀವನ ನಮಗೆ ಏನು ಕಲಿಸಿತು ಎಂದು ಕೇಳುವಷ್ಟು ಪುರಸೊತ್ತು ಯಾರಿಗೂ ಇರಲಿಲ್ಲ. ತೀರಿಹೋದವರನ್ನು ಹಳಿಯುವುದು ನಮ್ಮ ಪದ್ಧತಿಯಲ್ಲ. ಆದರೆ ಸಾರ್ವಜನಿಕ ಜೀವನವು ಸಾರ್ವಜನಿಕರ ಸೊತ್ತು. ಅದರ ಜಮಾ-ಖರ್ಚು ನೋಡುವ ಹಕ್ಕು ಓಟು ಕೊಟ್ಟವರಿಗೆ ಇದ್ದೇ ಇದೆ.

ಲೆಕ್ಕವನ್ನು ಮೊದಲಿನಿಂದ ಹಿಡಿಯೋಣ. ಸವದತ್ತಿಯ ಬಳಿ ನವಿಲುತೀರ್ಥದಲ್ಲಿ ಮಲಪ್ರಭೆಗೆ ಅಣೆಕಟ್ಟು ಎದ್ದಿತು. ಹೊಲಕ್ಕೆ ನೀರು ಸರಿಯಾಗಿ ಹರಿಯುವ ಮೊದಲೇ ನೀರಿನ ಕರ, ಅಭಿವೃದ್ಧಿ ಕರಗಳ ನೋಟೀಸು ಮನೆ ಬಾಗಿಲಿಗೆ ಹರಿದು ಬಂದವು. ರೈತರು ತಿರುಗಿಬಿದ್ದರು. 1980ರ ಜುಲೈ 21ರಂದು ನರಗುಂದ, ನವಲಗುಂದಗಳಲ್ಲಿ ಗೋಲೀಬಾರಿಗೆ ಜೀವಗಳು ಬಲಿಯಾದವು. ಆ ಸಿಟ್ಟು ನಾಡಿನ ತುಂಬ ಹಬ್ಬಿ, 1983ರ ಜನೆವರಿಯಲ್ಲಿ ಗುಂಡೂರಾಯರ ಸರಕಾರವನ್ನು ಕೆಳಗಿಳಿಸಿತು. ರಾಮಕೃಷ್ಣ ಹೆಗಡೆಯವರು ರಾಜ್ಯದ ಮೊದಲ ಕಾಂಗ್ರೆಸ್ಸೇತರ ಮುಖ್ಯಮಂತ್ರಿಯಾದರು. ಅದೇ ಅಲೆಯಲ್ಲಿ ಜನತಾ ಪಕ್ಷದ ಇನಾಮದಾರರು ಕಿತ್ತೂರಿನಿಂದ ಗೆದ್ದು ವಿಧಾನಸೌಧದ ಮೆಟ್ಟಿಲು ಹತ್ತಿದರು. ಅಂದಮೇಲೆ ಅವರ ಮೊದಲ ಗೆಲುವಿನ ಬಂಡವಾಳ ಯಾರದು? ಮಲಪ್ರಭೆಯ ದಂಡೆಯಲ್ಲಿ ಲಾಠಿ ತಿಂದವರದು, ಗುಂಡು ತಿಂದವರದು.

1985ರಲ್ಲಿ ಅವರು ಮತ್ತೆ ಗೆದ್ದರು. 1989ರಲ್ಲಿ ಮಾತ್ರ ಕಿತ್ತೂರಿನ ಮತದಾರ ಬೇರೆ ದಾರಿ ಹಿಡಿದ. ಕಾಂಗ್ರೆಸ್ಸು 178 ಸ್ಥಾನ ಬಾಚಿಕೊಂಡ ಆ ಚುನಾವಣೆಯಲ್ಲಿ ರಾಜ್ಯ ರೈತ ಸಂಘಕ್ಕೆ ಸಿಕ್ಕಿದ್ದು ಎರಡೇ ಸ್ಥಾನ. ಕಿತ್ತೂರು ಮತ್ತು ಧಾರವಾಡ ಗ್ರಾಮೀಣ, ಎರಡನ್ನೂ ಗೆದ್ದವರು ಬಾಬಾಗೌಡ ಪಾಟೀಲರೊಬ್ಬರೇ. ಹಸಿರು ಶಾಲು ಹೊದ್ದವನ ಓಟಿಗೂ ಬೆಲೆಯುಂಟು ಎಂದು ಈ ನೆಲ ಅಂದು ತೋರಿಸಿಕೊಟ್ಟಿತು. ಆದರೆ ಮುಂದೇನಾಯಿತು? ಅದೇ ಬಾಬಾಗೌಡರು 1998ರಲ್ಲಿ ಭಾರತೀಯ ಜನತಾ ಪಕ್ಷದಿಂದ ಬೆಳಗಾವಿಯ ಲೋಕಸಭಾ ಸದಸ್ಯರಾಗಿ ವಾಜಪೇಯಿ ಸರಕಾರದಲ್ಲಿ ರಾಜ್ಯಮಂತ್ರಿಯಾದರು. ಇತ್ತ ಇನಾಮದಾರರು 1994ರಲ್ಲಿ ಜನತಾ ದಳದಿಂದ ಗೆದ್ದು, 1999ರಲ್ಲಿ ಕಾಂಗ್ರೆಸ್ಸಿನಿಂದ ಗೆದ್ದರು. ಕಾಂಗ್ರೆಸ್ಸನ್ನು ಸೋಲಿಸಿರೆಂದು ಕೇಳಿ ಪಡೆದ ಓಟು, ಐದೇ ವರ್ಷಗಳಲ್ಲಿ ಕಾಂಗ್ರೆಸ್ಸನ್ನು ಗೆಲ್ಲಿಸಿರೆಂದು ಕೇಳಿತು. ಮತದಾರ ಎರಡು ಸಲವೂ ಕೊಟ್ಟ.

ಇದರಲ್ಲಿ ಒಬ್ಬರನ್ನೇ ಬೊಟ್ಟು ಮಾಡಿ ತೋರಿಸುವುದು ನ್ಯಾಯವಲ್ಲ. ಪಕ್ಷವೆಂದರೆ ಚುನಾವಣೆಯ ಚೀಟಿ, ಗೆದ್ದ ಮೇಲೆ ಎಲ್ಲವೂ ಮುಖಂಡನ ಇಷ್ಟ ಎಂಬ ಪದ್ಧತಿಯನ್ನು ನಾವೇ ಒಪ್ಪಿಕೊಂಡು ಬಂದಿದ್ದೇವೆ. ಸವದತ್ತಿಯಲ್ಲಿ ಮಾಮನಿ ಮನೆತನ, ಬೈಲಹೊಂಗಲದಲ್ಲಿ ಕೌಜಲಗಿ ಮನೆತನ ಎಂದು ಕ್ಷೇತ್ರಗಳನ್ನು ಮನೆತನಗಳ ಹೆಸರಿನಿಂದ ಗುರುತಿಸುವುದು ನಮಗೆ ರೂಢಿಯಾಗಿದೆ. 1939ರಲ್ಲಿ ಸಂಸ್ಥಾನದ ಆಳ್ವಿಕೆಯ ವಿರುದ್ಧ ಎದ್ದು ನಿಂತ ರಾಮದುರ್ಗದ ಪ್ರಜೆಗಳ ಮೊಮ್ಮಕ್ಕಳೂ ಇಂದು, ಈ ಸಲ ಟಿಕೆಟ್ಟು ಯಾರ ಮನೆಗೆ ಎಂದು ಕೇಳುತ್ತಾರೆಯೇ ಹೊರತು ಯಾವ ಕಾರ್ಯಕ್ರಮಕ್ಕೆ ಎಂದು ಕೇಳುವುದಿಲ್ಲ.

ಇನ್ನು ಮಂತ್ರಿಗಿರಿಯ ಮಾತು. ಎಸ್. ಎಂ. ಕೃಷ್ಣ ಅವರ ಸಂಪುಟದಲ್ಲಿ ಇನಾಮದಾರರು ಮಂತ್ರಿಯಾದರು. ಮಾಹಿತಿ ತಂತ್ರಜ್ಞಾನದ ಖಾತೆಯನ್ನೂ ನೋಡಿಕೊಂಡರು. ಹಳ್ಳಿಯಿಂದ ಹೋದವರೊಬ್ಬರು ಗಣಕಯಂತ್ರದ ಖಾತೆ ವಹಿಸಿಕೊಂಡದ್ದು ಹೆಮ್ಮೆಯೇ ಸರಿ. ಆದರೆ ಆ ಖಾತೆಯ ಸಿರಿಯೆಲ್ಲ ಬೆಂಗಳೂರಿನ ಗಾಜಿನ ಕಟ್ಟಡಗಳಲ್ಲಿ ಬೆಳೆಯಿತು. ಆಗಲೇ ಉತ್ತರ ಕರ್ನಾಟಕದ ಮೇಲೆ ಸಾಲು ಸಾಲು ಬರಗಾಲ ಬಂದೆರಗಿತ್ತು. ಮಂತ್ರಿ ನಮ್ಮವರು, ಖಾತೆ ದೊಡ್ಡದು. ನಮ್ಮ ಮಕ್ಕಳು ಮಾತ್ರ ದುಡಿಮೆ ಹುಡುಕಿಕೊಂಡು ಗೋವೆಗೂ ಪುಣೆಗೂ ಬಸ್ಸು ಹತ್ತುವುದು ನಿಲ್ಲಲಿಲ್ಲ. ಸಂಪುಟದ ಧೋರಣೆಯನ್ನು ಒಬ್ಬ ಮಂತ್ರಿ ಬದಲಿಸಲಾರ ಎನ್ನುವವರಿಗೆ ನಮ್ಮ ಉತ್ತರವಿಷ್ಟೆ: ಅವನ ಬೆನ್ನಿಗೆ ಸಂಘಟಿತ ಜನ ನಿಂತರೆ ಬದಲಿಸಬಲ್ಲ. ಒಂಟಿ ಮಂತ್ರಿಗೆ ಕಾರು ಸಿಗುತ್ತದೆ, ಬಲ ಸಿಗುವುದಿಲ್ಲ.

2004 ಮತ್ತು 2008ರಲ್ಲಿ ಕ್ಷೇತ್ರವು ಭಾಜಪದ ಪಾಲಾಯಿತು. 2013ರಲ್ಲಿ ಇನಾಮದಾರರು ಐದನೆಯ ಸಲ ಗೆದ್ದು, 2018ರಲ್ಲಿ ಸೋತರು. ಈ ನಡುವೆ ಬೈಲಹೊಂಗಲದಿಂದ ಬೇರೆಯಾಗಿ ಕಿತ್ತೂರು ತಾಲೂಕಾಯಿತು. 2021ರಲ್ಲಿ ಮುಂಬಯಿ ಕರ್ನಾಟಕಕ್ಕೆ ಕಿತ್ತೂರು ಕರ್ನಾಟಕವೆಂದು ಹೆಸರಾಯಿತು. ಚೆನ್ನಮ್ಮನ ನಾಡಿಗೆ ಆ ಗೌರವ ಸಲ್ಲತಕ್ಕದ್ದೇ. ಆದರೆ ಹೆಸರಿನಿಂದ ಒಲೆ ಹೊತ್ತುವುದಿಲ್ಲ.

ಗಿರಣಿಯ ಬಂಧುಗಳೇ, ಪೇಟೆಯ ಗೆಳೆಯರೇ, ಅಂಗಡಿಯ ಗಲ್ಲೆಯ ಮೇಲೆ ಕುಳಿತವನಿಗೆ ನಾವು ಲೆಕ್ಕ ಹೇಳಿಕೊಡಬೇಕಾಗಿಲ್ಲ. ಹತ್ತು ರೂಪಾಯಿಯ ಉದ್ರಿಯನ್ನೂ ನೀವು ವಹಿಯಲ್ಲಿ ಬರೆಯುತ್ತೀರಿ. ದೀಪಾವಳಿಗೆ ಮುಂಚೆ ವಸೂಲಿಗೆ ಹೋಗುತ್ತೀರಿ. ಐದು ವರ್ಷದ ಓಟನ್ನು ಮಾತ್ರ ಬರಹವಿಲ್ಲದೆ, ಸಾಕ್ಷಿಯಿಲ್ಲದೆ, ಮುಖ ನೋಡಿ ಕೊಡುತ್ತೀರಿ. ಇನ್ನು ಮುಂದೆ ಅದಕ್ಕೂ ಒಂದು ವಹಿ ಇರಲಿ. ಕಬ್ಬಿನ ಬಿಲ್ಲು ಎಷ್ಟು ದಿನಕ್ಕೆ ಬಂದಿತು? ರಾಮದುರ್ಗದ ನೇಕಾರನಿಗೆ ಸೀರೆಯೊಂದಕ್ಕೆ ಕೂಲಿ ಎಷ್ಟು ಏರಿತು? ಸವದತ್ತಿಯ ಕಾಲುವೆಯ ಕೊನೆಯ ಹೊಲಕ್ಕೆ ನೀರು ಮುಟ್ಟಿತೇ? ಬೈಲಹೊಂಗಲದ ಪೇಟೆಯಲ್ಲಿ ಹಮಾಲನಿಗೆ ಮುಪ್ಪಿನಲ್ಲಿ ಪಿಂಚಣಿ ಉಂಟೇ? ಇವನ್ನು ಬರೆದಿಟ್ಟುಕೊಳ್ಳಿ. ಗೆದ್ದವರು ಯಾರೇ ಇರಲಿ, ಯಾವ ಬಾವುಟದವರೇ ಇರಲಿ, ವರ್ಷಕ್ಕೊಮ್ಮೆ ಬಹಿರಂಗ ಸಭೆಗೆ ಕರೆದು ಓದಿ ಹೇಳಿ. ಪಕ್ಷ ಬಿಡುವವರಿದ್ದರೆ ಮೊದಲು ಕ್ಷೇತ್ರದ ಜನರೆದುರು ನಿಂತು ಕಾರಣ ಹೇಳಲಿ, ಕೊಟ್ಟ ಸ್ಥಾನವನ್ನು ಮರಳಿಸಲಿ.

ಇನಾಮದಾರರಿಗೆ ಈ ನಾಡು ಐದು ಸಲ ನಂಬಿಕೆ ಕೊಟ್ಟಿತು. ಅಷ್ಟು ನಂಬಿಕೆ ಪಡೆದವರು ಸಾಮಾನ್ಯರಲ್ಲ. ಆದರೆ ನಂಬಿಕೆ ಎಷ್ಟೇ ದೊಡ್ಡದಿದ್ದರೂ, ಲೆಕ್ಕ ಕೇಳದವನ ಸಾಲ ತೀರುವುದಿಲ್ಲ.