ಕಥೆಗಾರನ ಪಾಲು

ಚಲಚ್ಚಿತ್ರದಿಂದ ನಟನಿಗೆ ಕೀರ್ತಿ, ಬಂಡವಾಳಗಾರನಿಗೆ ಲಾಭ, ಕಥೆ ಕಟ್ಟಿದವನಿಗೆ ಮಾತ್ರ ಮರೆವು ಎಂಬುದು ಮುಂಬಯಿಯ ಹಳೆಯ ಪದ್ಧತಿಯಾಗಿದ್ದಿತು. 1973ರಲ್ಲಿ 'ಜಂಜೀರ್' ಚಿತ್ರದ ಭಿತ್ತಿಪತ್ರಗಳಲ್ಲಿ ತಮ್ಮ ಹೆಸರಿಲ್ಲದುದನ್ನು ಕಂಡು ಸಲೀಂ ಖಾನ್, ಜಾವೇದ್ ಅಖ್ತರರು ತಾವೇ ಆಳುಗಳಿಂದ ಬಣ್ಣದಲ್ಲಿ ಬರೆಯಿಸಿದರು. ನಮ್ಮ ರಾಮನಗರದ ಬಂಡೆಗಳ ನಡುವೆ ಚಿತ್ರಿತವಾದ 'ಶೋಲೆ' 1975ರಲ್ಲಿ ತೆರೆಕಂಡ ಮೇಲೆ ಆ ಹೆಸರನ್ನು ಮರೆಸುವ ಧೈರ್ಯ ಯಾರಿಗೂ ಉಳಿಯಲಿಲ್ಲ.

ಆದರೆ ಹೆಸರು ಬೇರೆ, ಹಕ್ಕು ಬೇರೆ. ಚಿತ್ರಮಂದಿರದ ಹೊರಗಣ ಉಪಯೋಗಗಳಲ್ಲಿ ಬರೆದವನಿಗೆ ಸಲ್ಲುವ ಗೌರವಧನವನ್ನು ಯಾವ ಕರಾರೂ ಕಿತ್ತುಕೊಳ್ಳಕೂಡದೆಂದು 2012ರ ಕೃತಿಸ್ವಾಮ್ಯ ತಿದ್ದುಪಡಿಯು ವಿಧಿಸಿತು. ಈಗ ಮನೆಮನೆಯ ಪರದೆಯೇ ಚಿತ್ರಮಂದಿರವಾಗಿರಲು ಈ ವಿಧಿಯ ಬೆಲೆ ಹೆಚ್ಚಿದೆ. ದೇವರು ವರವಿತ್ತರೂ ಪೂಜಾರಿ ಕೊಡನೆಂಬ ಗಾದೆಗೆ ನಿರ್ಮಾಪಕರು ನಿದರ್ಶನವಾಗಬಾರದು. ಕಾನೂನಿತ್ತ ಪಾಲನ್ನು ಕೇಳದೆಯೇ ಸಲ್ಲಿಸುವುದು ಅವರ ಧರ್ಮವೆಂದು ನಾವು ಭಾವಿಸುತ್ತೇವೆ.