ಭೂಮಿಗೆ ಜಾತಿಯಿಲ್ಲ, ಪರಿಹಾರದ ಪಟ್ಟಿಗಿದೆ

ಭೂಕಂಪ ಕೊಲ್ಲುವುದಿಲ್ಲ, ಕಟ್ಟಡ ಕೊಲ್ಲುತ್ತದೆ. ಈ ಮಾತನ್ನು ಎಂಜಿನಿಯರುಗಳೇ ಹೇಳುತ್ತಾರೆ. ಹೇಳಿ ಅಲ್ಲಿಗೇ ನಿಲ್ಲಿಸಿಬಿಡುತ್ತಾರೆ. ಮುಂದಿನ ಪ್ರಶ್ನೆ ಕೇಳಬೇಕಾದವರು ನಾವು. ಆ ಕಟ್ಟಡ ಕಟ್ಟಿಸಿದವನು ಯಾರು? ಅದಕ್ಕೆ ಪರವಾನಗಿಯ ಠಸ್ಸೆ ಒತ್ತಿದವನು ಯಾರು? ಪರಿಹಾರದ ಪಟ್ಟಿ ಬರೆಯುವಾಗ ಕುರ್ಚಿ ಮೇಲೆ ಕೂತಿದ್ದವನು ಯಾರು, ಸಾಲಿನ ಕೊನೆಯಲ್ಲಿ ನಿಂತಿದ್ದವನು ಯಾರು? ಈ ಪ್ರಶ್ನೆ ಕೇಳದೆ ಭೂಕಂಪದ ಪಾಠ ಅಂತ ಮಾತಾಡೋದು ಬರೀ ಸೋಗು.

2001ರ ಜನವರಿ 26. ಬೆಳಿಗ್ಗೆ 8 ಗಂಟೆ 46 ನಿಮಿಷ. ಬಾಬಾಸಾಹೇಬರ ನೇತೃತ್ವದಲ್ಲಿ ರಚನೆಯಾದ ಸಂವಿಧಾನ ಜಾರಿಗೆ ಬಂದು ಐವತ್ತೊಂದು ವರ್ಷ ತುಂಬಿದ ದಿನ. ಗುಜರಾತಿನ ಕಛ್‌ನಲ್ಲಿ ಭೂಮಿ ಅಲುಗಿತು. ತೀವ್ರತೆ 7.7. ಭುಜ್, ಭಚಾವು, ಅಂಜಾರ್, ರಾಪರ್ ಪಟ್ಟಣಗಳು ಮಣ್ಣುಗುಡ್ಡೆಯಾದವು. ಸತ್ತವರು ಸರ್ಕಾರದ ಲೆಕ್ಕದಲ್ಲೇ 13,800ಕ್ಕೂ ಹೆಚ್ಚು. ಗಾಯಗೊಂಡವರು ಒಂದೂವರೆ ಲಕ್ಷಕ್ಕೂ ಮೇಲೆ. ಗಾಯಾಳುಗಳನ್ನು ಒಯ್ಯೋಣವೆಂದರೆ ಭುಜ್‌ನ ದೊಡ್ಡಾಸ್ಪತ್ರೆಯೇ ರೋಗಿಗಳ ಮೇಲೆ ಕುಸಿದು ಬಿದ್ದಿತ್ತು. ಅಂಜಾರಿನಲ್ಲಿ ಶಾಲಾ ಮಕ್ಕಳು ಬಾವುಟ ಹಿಡಿದು ಇಕ್ಕಟ್ಟಾದ ಓಣಿಯಲ್ಲಿ ಮೆರವಣಿಗೆ ಹೊರಟಿದ್ದರು. ಎರಡೂ ಬದಿಯ ಮನೆಗಳು ಅವರ ಮೇಲೆ ಬಿದ್ದವು. 185 ಮಕ್ಕಳು, 20 ಮಂದಿ ಶಿಕ್ಷಕರು ಅಲ್ಲೇ ಸತ್ತರು. ಹಳ್ಳಿ ಮೇಷ್ಟ್ರುಗಳೇ, ಈ ಒಂದು ಸಾಲನ್ನು ಇನ್ನೊಂದು ಸಲ ಓದಿ.

ಇದನ್ನು ದೇವರಾಟ ಅಂದುಬಿಟ್ಟರೆ ಬಹಳ ಜನಕ್ಕೆ ನೆಮ್ಮದಿ. ಯಾಕಂದ್ರೆ ದೇವರ ಮೇಲೆ ಎಫ್‌ಐಆರ್ ಹಾಕೋಕಾಗಲ್ಲ. 1934ರ ಜನವರಿಯಲ್ಲಿ ಬಿಹಾರದ ನೆಲ ನಡುಗಿ ಮುಂಗೇರ್, ಮುಜಫರ್‌ಪುರ ಪಟ್ಟಣಗಳು ಹಾಳಾದಾಗ, ಅದು ಅಸ್ಪೃಶ್ಯತೆಯ ಪಾಪಕ್ಕೆ ದೇವರು ಕೊಟ್ಟ ಶಿಕ್ಷೆ ಎಂದರು ಗಾಂಧಿ. ಅಂಥ ಮಾತು ಜನರ ವಿವೇಕವನ್ನು ಕೆಡಿಸುತ್ತದೆಂದು ರವೀಂದ್ರನಾಥ ಟಾಗೋರರು ಬಹಿರಂಗವಾಗಿ ವಿರೋಧಿಸಿದರು. ನಮ್ಮದು ಇನ್ನೂ ಸರಳವಾದ ಪ್ರಶ್ನೆ. ಮುಟ್ಟಬೇಡ ಅಂದವನ ಪಾಪಕ್ಕೆ ಮುಟ್ಟಿಸಿಕೊಳ್ಳದವನು ಯಾಕೆ ಸಾಯಬೇಕು? ಅಸ್ಪೃಶ್ಯತೆ ಪಾಪವಲ್ಲ, ಅಪರಾಧ. ಕಳಪೆ ಕಟ್ಟಡವೂ ವಿಧಿಯಲ್ಲ, ಅಪರಾಧ. ಪಾಪಕ್ಕೆ ಪ್ರಾಯಶ್ಚಿತ್ತ ಮಾಡಿ ಕೈತೊಳೆದುಕೊಳ್ಳಬಹುದು. ಅಪರಾಧಕ್ಕೆ ಕಟಕಟೆ ಹತ್ತಬೇಕು.

ಅಹಮದಾಬಾದನ್ನು ನೋಡಿ. ಕಂಪನದ ಕೇಂದ್ರದಿಂದ ಇನ್ನೂರು ಕಿಲೋಮೀಟರಿಗೂ ದೂರ. ಅಲ್ಲಿ ಎಪ್ಪತ್ತರಷ್ಟು ಬಹುಮಹಡಿ ಕಟ್ಟಡಗಳು ಕುಸಿದವು, ಏಳುನೂರಕ್ಕೂ ಹೆಚ್ಚು ಜನ ಸತ್ತರು. ಅದೇ ರಸ್ತೆಯ ಪಕ್ಕದ ಕಟ್ಟಡಗಳು ನಿಂತೇ ಇದ್ದವು. ಭೂಮಿ ಒಂದೇ, ಅಲುಗಾಟ ಒಂದೇ. ಒಂದು ಬಿತ್ತು, ಇನ್ನೊಂದು ನಿಂತಿತು. ಇದಕ್ಕೆ ಕಾರಣ ಪಂಚಾಂಗದಲ್ಲಿ ಸಿಗೋದಿಲ್ಲ.

ಕಾರು ನಿಲ್ಲಿಸಲು ನೆಲದ ಅಂತಸ್ತನ್ನು ಬಯಲು ಬಿಟ್ಟಿದ್ದರು. ಕೆಳಗೆ ಬರೀ ಸಣಕಲು ಕಂಬಗಳು, ಮೇಲೆ ಇಟ್ಟಿಗೆ ಗೋಡೆ ತುಂಬಿದ ನಾಲ್ಕೋ ಹತ್ತೋ ಅಂತಸ್ತುಗಳು. ಮೇಲಿನದು ಪೆಟ್ಟಿಗೆಯಂತೆ ಬಿಗಿ, ಕೆಳಗಿನದು ಸಡಿಲ. ನೆಲ ಅಲುಗಿದಾಗ ಇಡೀ ಕಟ್ಟಡದ ಓಲಾಟವನ್ನು ಆ ಸಣಕಲು ಕಾಲುಗಳೇ ತಡೆಯಬೇಕಾಯಿತು. ತಡೆಯಲಾರದೆ ಮುರಿದವು. ಮೇಲಿನ ಅಂತಸ್ತುಗಳನ್ನು ಕೆಳಗಿನ ಕಂಬಸಾಲಿನಿಂದ ಆಚೆಗೆ ಚಾಚಿ ಜಾಗ ಹೆಚ್ಚಿಸಿಕೊಂಡಿದ್ದರು. ತಾರಸಿ ಮೇಲೆ ಭಾರೀ ನೀರಿನ ತೊಟ್ಟಿ ಕೂರಿಸಿದ್ದರು. ಕಂಬದೊಳಗಿನ ಕಬ್ಬಿಣದ ರಿಂಗುಗಳು ದೂರದೂರ. ರಿಂಗಿನ ತುದಿಯನ್ನು ಕಾಂಕ್ರೀಟಿನ ಒಡಲೊಳಕ್ಕೆ ಬಾಗಿಸಿ ಬಿಗಿಯಬೇಕು. ಬರೀ ಅಂಚಿಗೆ ಮಡಿಚಿ ಬಿಟ್ಟರೆ ಅಲುಗಾಟಕ್ಕೆ ರಿಂಗು ಬಿಚ್ಚಿಕೊಳ್ಳುತ್ತದೆ, ಉದ್ದದ ಸರಳು ಹೊರಕ್ಕೆ ಬಾಗುತ್ತದೆ, ಕಂಬ ಒಡೆಯುತ್ತದೆ. ಇಷ್ಟೇ ವಿಜ್ಞಾನ. ಗಾರೆ ಕೆಲಸದವನಿಗೆ ಅರ್ಧ ದಿನದಲ್ಲಿ ಕಲಿಸಬಹುದು.

ಗೊತ್ತಿರಲಿಲ್ಲ ಅನ್ನುವ ಹಾಗಿಲ್ಲ. ಭೂಕಂಪ ತಡೆವ ಕಟ್ಟಡದ ಭಾರತೀಯ ಮಾನಕ ಮೊದಲು ಬಂದದ್ದು 1962ರಲ್ಲಿ. ಕಂಬಕ್ಕೆ ಕಬ್ಬಿಣ ಹೇಗೆ ಬಿಗಿಯಬೇಕೆಂದು ಹೇಳುವ ಮಾನಕ 1993ರಲ್ಲೇ ಬಂದಿತ್ತು. ಕಛ್ ಅತ್ಯಂತ ಅಪಾಯದ ವಲಯವೆಂದು ನಕಾಶೆಯಲ್ಲಿ ಗುರುತಾಗಿತ್ತು. 1819ರಲ್ಲಿ ಅಲ್ಲಿ ಭೂಮಿ ಬಿರಿದು ಅಲ್ಲಾ ಬಂಡ್ ಎಂಬ ದಿಬ್ಬವೇ ಎದ್ದಿತ್ತು. 1956ರಲ್ಲಿ ಇದೇ ಅಂಜಾರ್ ಅಲುಗಿ ನೂರಕ್ಕೂ ಹೆಚ್ಚು ಜನ ಸತ್ತಿದ್ದರು. ಪುಸ್ತಕ ಕಪಾಟಿನಲ್ಲಿತ್ತು, ಕಬ್ಬಿಣ ಕಂಬದಲ್ಲಿರಲಿಲ್ಲ. ಈ ನಡುವಿನ ಅಂತರದಲ್ಲಿ ಯಾರ ಜೇಬು ತುಂಬಿತು ಅಂತ ಬಿಡಿಸಿ ಹೇಳಬೇಕಾ?

ನಿಜ, ಆ ಅಪಾರ್ಟ್‌ಮೆಂಟುಗಳಲ್ಲಿ ಸತ್ತವರು ಬಡವರಲ್ಲ. ಸಾಲ ಮಾಡಿ ಮನೆ ಕೊಂಡ ಮಧ್ಯಮ ವರ್ಗದವರು. ಅವರ ಸಾವಿಗೂ ನಮ್ಮ ಕಣ್ಣಲ್ಲಿ ನೀರಿದೆ. ಲಾಭಕೋರತನ ತನ್ನ ಗಿರಾಕಿಯನ್ನೂ ಬಿಡುವುದಿಲ್ಲ ಎಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಡ. ಬೀಳುವಾಗ ಗೋಡೆ ಜಾತಿ ಕೇಳಲಿಲ್ಲ. ಜಾತಿ ಕೇಳಿದ್ದು ಆಮೇಲೆ.

ಕಛ್‌ನಲ್ಲಿ ಎಲ್ಲ ಸಮುದಾಯಗಳಿಗೂ ಸರ್ಕಾರ ಒಂದೇ ಸಮನಾಗಿ ಹಣ, ಧಾನ್ಯ ಮಂಜೂರು ಮಾಡಿತು. ಆದರೆ ತಕ್ಕ ಆಸರೆ, ಕರೆಂಟು, ನಲ್ಲಿ ನೀರು ಉಳಿದವರಿಗೆ ಸಿಕ್ಕಂತೆ ದಲಿತರಿಗೂ ಮುಸ್ಲಿಮರಿಗೂ ಸಿಗಲಿಲ್ಲವೆಂದು ಹ್ಯೂಮನ್ ರೈಟ್ಸ್ ವಾಚ್ ಅದೇ ವರ್ಷ ದಾಖಲಿಸಿತು. ಕಾಗದದ ಮೇಲೆ ಸಮಾನತೆ, ಬಯಲಿನಲ್ಲಿ ಕೇರಿ. ಊರೇ ನೆಲಸಮವಾದರೂ ಊರಿಗೂ ಕೇರಿಗೂ ನಡುವಿನ ಗೆರೆ ಮಾತ್ರ ಒಂದಿಂಚೂ ಬಿರುಕು ಬಿಡಲಿಲ್ಲ! 2004ರ ಸುನಾಮಿಯಲ್ಲಿ ನಾಗಪಟ್ಟಣದ ದಡದಿಂದ ಕೊಳೆತ ಹೆಣ ಎತ್ತಲು ಬೇರೆ ಊರುಗಳಿಂದ ಕರೆತಂದದ್ದು ಯಾರನ್ನು? ಪೌರಕಾರ್ಮಿಕರನ್ನು. ದಲಿತರನ್ನು. ಆಪತ್ತು ಬಂದಾಗ ನಾವೆಲ್ಲ ಒಂದೇ ಅನ್ನುವವರು ಈ ಕೆಲಸಕ್ಕೆ ಮಾತ್ರ ಒಂದಾಗಲಿಲ್ಲ.

ಇದಕ್ಕಿಂತ ಹತ್ತಿರದ ಲೆಕ್ಕ ಬೇಕಾದರೆ ಕಿಲ್ಲಾರಿಗೆ ಬನ್ನಿ. ಬೀದರ್, ಕಲಬುರಗಿಯಿಂದ ದೂರವೇನಲ್ಲ. 1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ ಲಾತೂರು, ಉಸ್ಮಾನಾಬಾದ್ ಜಿಲ್ಲೆಗಳ ಹಳ್ಳಿಗಳಲ್ಲಿ ಮಲಗಿದ್ದವರ ಮೇಲೆ ಕಲ್ಲುಮಣ್ಣಿನ ದಪ್ಪ ಗೋಡೆಗಳು ಕುಸಿದು ಎಂಟು ಸಾವಿರದಷ್ಟು ಜನ ಸತ್ತರು. ಆಮೇಲೆ ಹೊಸ ಊರು ಕಟ್ಟುವಾಗ ಮನೆಯ ಅಳತೆ ನಿಗದಿ ಮಾಡಿದ್ದು ಹೇಗೆ ಗೊತ್ತೇ? ಜಮೀನಿನ ಮೇಲೆ. ಭೂಮಿ ಇಲ್ಲದವನಿಗೆ 250 ಚದರಡಿ, ಒಂದಷ್ಟು ಇದ್ದವನಿಗೆ 400, ದೊಡ್ಡ ಹಿಡುವಳಿಗೆ 750. ಕಳೆದುಕೊಂಡದ್ದಕ್ಕೆ ತಕ್ಕ ಪರಿಹಾರ ಅಂತ ಇದಕ್ಕೆ ನ್ಯಾಯದ ಹೆಸರಿಟ್ಟರು. ತಲೆತಲಾಂತರದಿಂದ ಭೂಮಿ ಇಟ್ಟುಕೊಳ್ಳಲು ಬಿಡದೆ, ಕಳೆದುಕೊಳ್ಳೋಕೆ ನಿನ್ನ ಹತ್ತಿರ ಏನಿತ್ತು ಅಂತ ಕೇಳೋದು ಯಾವ ನ್ಯಾಯ ಸ್ವಾಮಿ? ಹೆಂಡತಿ, ನಾಕು ಮಕ್ಕಳು, ಮುದಿ ತಾಯಿ ಇರುವ ಕೂಲಿಯವನ ಸಂಸಾರ 250 ಚದರಡಿಯಲ್ಲಿ ಎಲ್ಲಿ ಕಾಲು ಚಾಚಬೇಕು?

ಇನ್ನೊಂದು ಸತ್ಯವನ್ನೂ ಹೇಳಿಬಿಡೋಣ. ಕಛ್‌ನ ಬನ್ನಿ ಸೀಮೆಯಲ್ಲಿ ಭುಂಗಾ ಎಂಬ ಮನೆಗಳಿವೆ. ದುಂಡಗಿನ ಮಣ್ಣಿನ ಗೋಡೆ, ಮೇಲೆ ಹಗುರಾದ ಹುಲ್ಲಿನ ಮಾಡು. ಮೇಘವಾಲ ದಲಿತರು, ಮುಸ್ಲಿಂ ದನಗಾಹಿಗಳು ಅದರಲ್ಲಿ ಬದುಕುತ್ತಾ ಬಂದವರು. ಕಾಂಕ್ರೀಟು ಕುಸಿದಾಗ ಚೆನ್ನಾಗಿ ಕಟ್ಟಿದ ಭುಂಗಾಗಳು ನಿಂತವು. ದುಂಡು ಗೋಡೆಗೆ ಬಿರಿಯುವ ಮೂಲೆಯಿಲ್ಲ. ಹಗುರ ಮಾಡಿಗೆ ಜಜ್ಜುವ ತೂಕವಿಲ್ಲ. ಇದನ್ನು ಎಂಜಿನಿಯರುಗಳೇ ಒಪ್ಪಿ ಬರೆದಿದ್ದಾರೆ. ಆ ಗೋಡೆಗೆ ಮಣ್ಣು ಮೆತ್ತಿದ ಹೆಂಗಸರ ಕೈಗೆ ಯಾವ ವಿಶ್ವವಿದ್ಯಾಲಯವೂ ಪದವಿ ಕೊಟ್ಟಿಲ್ಲ. ಹಾಗಂತ ನಾವು ಗುಡಿಸಿಲಿನಲ್ಲೇ ಇರಬೇಕು ಅನ್ನೋ ಉಪದೇಶ ಬೇಡ. ನಮಗೆ ಗಟ್ಟಿ ಮನೆ ಬೇಕು. ಆದರೆ ಜ್ಞಾನ ಒಂದೇ ಕೇರಿಯ ಸೊತ್ತಲ್ಲ ಅನ್ನೋದನ್ನು ನೆನಪಿಡಿ.

ಮನಸ್ಸು ಮಾಡಿದರೆ ಆಗುತ್ತದೆ ಎಂಬುದಕ್ಕೂ ಭುಜ್‌ನಲ್ಲೇ ಸಾಕ್ಷಿಯಿದೆ. ಕುಸಿದ ಆಸ್ಪತ್ರೆಯ ಜಾಗದಲ್ಲಿ ಎದ್ದ ಹೊಸ ಆಸ್ಪತ್ರೆಯನ್ನು ರಬ್ಬರು, ಸೀಸದ ದಿಂಬುಗಳ ಮೇಲೆ ಕೂರಿಸಿದರು. ನೆಲ ಅಲುಗಿದರೆ ದಿಂಬು ಅಲುಗಾಟವನ್ನು ನುಂಗುತ್ತದೆ, ರೋಗಿ ಬದುಕುತ್ತಾನೆ. 2005ರಲ್ಲಿ ವಿಪತ್ತು ನಿರ್ವಹಣಾ ಕಾಯ್ದೆ ಬಂತು. ಪರಿಹಾರ, ನೆರವು ಹಂಚುವಾಗ ಜಾತಿ, ಧರ್ಮ, ಲಿಂಗದ ತಾರತಮ್ಯ ಮಾಡಕೂಡದು ಎಂದು ಅದರಲ್ಲೇ ಬರೆದಿದೆ. ಬರೆಯಬೇಕಾಗಿ ಬಂದದ್ದೇ ಈ ದೇಶದ ಮೇಲಿನ ಷರಾ.

ನಮ್ಮದು ಗಟ್ಟಿ ಬಂಡೆಯ ನಾಡು, ನಮಗೇನು ಭಯ ಅನ್ನುವವರಿದ್ದಾರೆ. ಕಿಲ್ಲಾರಿಯೂ ಗಟ್ಟಿ ಬಂಡೆಯ ಮೇಲೇ ಇತ್ತು. ಹೋಗ್ಲಿ, ಭೂಮಿ ಅಲುಗದೇ ಬಿದ್ದ ಕಟ್ಟಡಗಳಿಗೇನು ಹೇಳ್ತೀರಿ? 1983ರಲ್ಲಿ ಬೆಂಗಳೂರಿನ ಗಂಗಾರಾಮ್ ಕಟ್ಟಡ ಬಿದ್ದು ನೂರಕ್ಕೂ ಹೆಚ್ಚು ಜನ ಸತ್ತರು. 2019ರ ಮಾರ್ಚ್‌ನಲ್ಲಿ ಧಾರವಾಡದಲ್ಲಿ ಕಟ್ಟುತ್ತಿದ್ದ ಕಟ್ಟಡ ಕುಸಿದು 19 ಜನ ಸತ್ತರು. 2024ರ ಅಕ್ಟೋಬರಿನಲ್ಲಿ ಬೆಂಗಳೂರಿನ ಬಾಬುಸಾಪಾಳ್ಯದಲ್ಲಿ ಕೂಲಿಗಳ ಮೇಲೆ ಕಟ್ಟಡ ಬಿತ್ತು. ನಿಂತ ನೆಲದಲ್ಲೇ ಬೀಳುವ ಕಟ್ಟಡ ಅಲುಗುವ ನೆಲದಲ್ಲಿ ಏನಾದೀತು? ಅಡಿಪಾಯ ತೋಡುವವನು, ಇಟ್ಟಿಗೆ ಹೊರುವವಳು, ಅರ್ಧ ಕಟ್ಟಿದ ಗೋಡೆ ಪಕ್ಕದ ಶೆಡ್ಡಿನಲ್ಲಿ ಮಲಗುವ ಕೂಸು ಯಾರವರೆಂದು ನಿಮಗೆ ಗೊತ್ತು.

ಗೆಳೆಯರೇ, ಕಣ್ಣೀರು ಸಾಕು, ಕೆಲಸವಿದೆ. ಮೇಷ್ಟ್ರುಗಳೇ, ನಿಮ್ಮ ಶಾಲೆಯ ಗೋಡೆ ಮೊದಲು ನೋಡಿ. ಬಾಗಿಲು ಕಿಟಕಿಯ ಮೇಲೆ ನಾಲ್ಕೂ ಗೋಡೆ ಸುತ್ತುವ ಕಾಂಕ್ರೀಟಿನ ಪಟ್ಟಿ ಇದೆಯೇ? ಕಲ್ಲುಗೋಡೆಯ ಒಳಮೈ ಹೊರಮೈ ಹಿಡಿದು ಕಟ್ಟುವ ಉದ್ದಗಲ್ಲುಗಳಿವೆಯೇ? ಇಲ್ಲವಾದರೆ ಲಿಖಿತವಾಗಿ ಕೇಳಿ, ಪ್ರತಿ ಇಟ್ಟುಕೊಳ್ಳಿ. ವಿದ್ಯಾರ್ಥಿಗಳೇ, ನಿಮ್ಮ ಹಾಸ್ಟೆಲಿನ ನಕಾಶೆ, ಗುಣಮಟ್ಟದ ವರದಿಗಳನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ. ಸಂಘಟನೆಯವರೇ, ನೆರೆಯೋ ಬರವೋ ಕಂಪನವೋ, ಪರಿಹಾರದ ಪಟ್ಟಿಯನ್ನು ಗ್ರಾಮಸಭೆಯಲ್ಲಿ ಗಟ್ಟಿಯಾಗಿ ಓದಿಸಿ. ಬಾಡಿಗೆದಾರ, ಜೀತದವನು, ಒಂಟಿ ಹೆಂಗಸು, ಹಕ್ಕುಪತ್ರವಿಲ್ಲದ ಗುಡಿಸಿಲಿನವನು ಆ ಪಟ್ಟಿಯಲ್ಲಿದ್ದಾನೆಯೇ ನೋಡಿ. ಗಾರೆ ಕೆಲಸದ ನಮ್ಮ ಹುಡುಗರಿಗೆ ಸರ್ಕಾರದ ಖರ್ಚಿನಲ್ಲಿ ತರಬೇತಿ ಕೇಳಿ. ಕಲಿತ ಮೇಲೆ ಕಳ್ಳ ಕಂಬ ಕಟ್ಟೋದಿಲ್ಲ ಅನ್ನುವ ಬಲ ಅವರಿಗೆ ಬರಬೇಕಾದರೆ ಅವರ ಬೆನ್ನಿಗೆ ಸಂಘ ಬೇಕು. ಒಂಟಿ ಕೂಲಿ ಬೇಡ ಅಂದರೆ ಕೆಲಸ ಹೋಗುತ್ತದೆ. ನೂರು ಜನ ಬೇಡ ಅಂದರೆ ಕಂಬಕ್ಕೆ ರಿಂಗು ಬರುತ್ತದೆ.

ಭೂಮಿ ಯಾವತ್ತು ಅಲುಗುತ್ತದೋ ಯಾರಿಗೂ ತಿಳಿಯದು. ಯಾವ ಗೋಡೆ ಬೀಳುತ್ತದೆ, ಯಾವ ಹೆಸರು ಪಟ್ಟಿಯಿಂದ ಬಿಟ್ಟುಹೋಗುತ್ತದೆ ಅನ್ನೋದು ಇವತ್ತೇ ತಿಳಿಯಬಹುದು. ತಿಳಿದ ಮೇಲೂ ಸುಮ್ಮನಿದ್ದರೆ ಆ ಸಾವು ಭೂಕಂಪದ ಲೆಕ್ಕಕ್ಕೆ ಸೇರುವುದಿಲ್ಲ.